ಕಾನೂನು ಪ್ರಶ್ನೋತ್ತರ: ದೂರು ಕೊಟ್ಟವರೇ ಗೈರುಹಾಜರಾದರೆ

ಪ್ರಶ್ನೆ: ಪೀಣ್ಯದಲ್ಲಿ ನನ್ನದೊಂದು ಸಣ್ಣ ಲೇತ್ ವರ್ಕ್‌ಶಾಪ್ ಇದೆ. ಮಾಡಿಕೊಟ್ಟ ಕೆಲಸಕ್ಕೆ ಗಿರಾಕಿಯೊಬ್ಬರು ಕೊಟ್ಟ 4,80,000 ರೂಪಾಯಿಯ ಚೆಕ್ ಬೌನ್ಸ್ ಆದದ್ದರಿಂದ 2022ರಲ್ಲಿ ಕೇಸು ಹಾಕಿದ್ದೆ. ನನ್ನ ಅಫಿಡವಿಟ್ ಸಲ್ಲಿಕೆಯಾಗಿ, ಪಾಟಿ ಸವಾಲೂ ಮುಗಿದಿತ್ತು. ಆರೋಪಿಯ ಹೇಳಿಕೆ ಪಡೆಯಲು ಇಟ್ಟಿದ್ದ ವಾಯಿದೆಯ ದಿನ ನಾನು ಡೆಂಗಿ ಜ್ವರದಿಂದ ಆಸ್ಪತ್ರೆಯಲ್ಲಿದ್ದೆ. ನಮ್ಮ ವಕೀಲರು ಬೇರೊಂದು ಕೋರ್ಟಿನಿಂದ ಬರುವಷ್ಟರಲ್ಲಿ ಕೇಸು ಕೂಗಿ, ದೂರುದಾರರು ಗೈರುಹಾಜರೆಂದು ಆರೋಪಿಯನ್ನು ಖುಲಾಸೆ ಮಾಡಲಾಗಿತ್ತು. ಅದರ ಹಿಂದಿನ ಎರಡು ವಾಯಿದೆಗಳಿಗೂ ನಾನು ಹೋಗಿರಲಿಲ್ಲ. ಅದೇ ನ್ಯಾಯಾಲಯದಲ್ಲಿ ಅರ್ಜಿ ಹಾಕಿ ಕೇಸನ್ನು ಮತ್ತೆ ತೆರೆಸಬಹುದು ಎಂದು ಒಬ್ಬರು, ಹೊಸದಾಗಿ ಕೇಸು ಹಾಕಿ ಎಂದು ಇನ್ನೊಬ್ಬರು ಹೇಳುತ್ತಿದ್ದಾರೆ. ಯಾವುದು ಸರಿ?
– ಓದುಗರೊಬ್ಬರು, ರಾಜಾಜಿನಗರ

ಉತ್ತರ: ಎರಡೂ ಸರಿಯಲ್ಲ. ಈ ಎರಡು ದಾರಿಗಳಲ್ಲಿ ಅಲೆದು ಮೇಲ್ಮನವಿಯ ಅವಧಿಯನ್ನು ಕಳೆದುಕೊಂಡವರು ಬಹಳ ಮಂದಿ ಇರುವುದರಿಂದ, ಮೊದಲು ಇವು ಏಕೆ ಮುಚ್ಚಿವೆ ಎಂಬುದನ್ನೇ ಹೇಳುತ್ತೇನೆ.

ಸಿವಿಲ್ ದಾವೆಯೊಂದು ವಾದಿಯ ಗೈರುಹಾಜರಿಯಿಂದ ವಜಾ ಆದರೆ, ಸಕಾರಣ ತೋರಿಸಿ ಅದನ್ನು ಅದೇ ನ್ಯಾಯಾಲಯದಲ್ಲಿ ಪುನಃ ಕಡತಕ್ಕೆ ತೆಗೆದುಕೊಳ್ಳುವಂತೆ ಕೇಳಲು ಸಿವಿಲ್ ಪ್ರಕ್ರಿಯಾ ಸಂಹಿತೆಯ 9ನೇ ಆದೇಶ ಅವಕಾಶ ಕೊಡುತ್ತದೆ. ಜನರ ಮನಸ್ಸಿನಲ್ಲಿ ಉಳಿದಿರುವುದು ಈ ಪದ್ಧತಿ. ಕ್ರಿಮಿನಲ್ ಪ್ರಕರಣಗಳಿಗೆ ಅಂಥ ವ್ಯವಸ್ಥೆ ಇಲ್ಲ. ಸಹಿಯಾದ ತೀರ್ಪನ್ನು ಅಥವಾ ಅಂತಿಮ ಆದೇಶವನ್ನು ಬರವಣಿಗೆಯ ತಪ್ಪು ತಿದ್ದುವುದರ ಹೊರತು ಬೇರಾವ ಕಾರಣಕ್ಕೂ ಬದಲಿಸುವಂತಿಲ್ಲ ಎಂದು 1973ರ ದಂಡ ಪ್ರಕ್ರಿಯಾ ಸಂಹಿತೆಯ 362ನೇ ಕಲಂ ಹೇಳುತ್ತದೆ. ಈಗಿನ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 403ನೇ ಕಲಂ ಸಹ ಅದನ್ನೇ ಹೇಳುತ್ತದೆ. ಗೈರುಹಾಜರಿಯ ಕಾರಣಕ್ಕೆ ವಜಾ ಮಾಡಿದ ದೂರನ್ನು ಮತ್ತೆ ಜೀವಂತಗೊಳಿಸುವ ಅಂತರ್ಗತ ಅಧಿಕಾರ ಮ್ಯಾಜಿಸ್ಟ್ರೇಟರಿಗೆ ಇಲ್ಲವೆಂದು ಸುಪ್ರೀಂ ಕೋರ್ಟ್ 1986ರಲ್ಲಿ ಮೇಜರ್ ಜನರಲ್ ಎ.ಎಸ್. ಗೌರಾಯಾ ಪ್ರಕರಣದಲ್ಲಿ ಸ್ಪಷ್ಟಪಡಿಸಿದೆ. ಹಾಗಾಗಿ, ಮ್ಯಾಜಿಸ್ಟ್ರೇಟರಿಗೆ ನಿಮ್ಮ ಮೇಲೆ ಎಷ್ಟೇ ಅನುಕಂಪವಿದ್ದರೂ ಅವರ ಕೈ ಕಟ್ಟಿದೆ.

ಹೊಸ ಕೇಸಿನ ಮಾತಿಗೆ ಬಂದರೆ, ನಿಮ್ಮ ಪ್ರಕರಣದಲ್ಲಿ ಆಗಿರುವುದು ದೂರಿನ ವಜಾ ಅಲ್ಲ, ಖುಲಾಸೆ. ಚೆಕ್ ಅಮಾನ್ಯದ ಪ್ರಕರಣಗಳು ಸಮನ್ಸ್ ಪ್ರಕರಣಗಳ (ಗರಿಷ್ಠ ಶಿಕ್ಷೆ 2 ವರ್ಷ ಮೀರದ ಪ್ರಕರಣಗಳ) ವರ್ಗಕ್ಕೆ ಸೇರುತ್ತವೆ, ಮತ್ತು ಖಾಸಗಿ ದೂರಿನಿಂದ ಆರಂಭವಾದ ಸಮನ್ಸ್ ಪ್ರಕರಣದಲ್ಲಿ ದೂರುದಾರರು ಹಾಜರಾಗದಿದ್ದರೆ, ವಿಚಾರಣೆಯನ್ನು ಮುಂದೂಡಲು ಸೂಕ್ತ ಕಾರಣ ಕಾಣದ ಪಕ್ಷದಲ್ಲಿ ಆರೋಪಿಯನ್ನು ಖುಲಾಸೆ ಮಾಡಬೇಕೆಂದು ಹಳೆಯ ಸಂಹಿತೆಯ 256ನೇ ಕಲಂ ವಿಧಿಸುತ್ತದೆ. ಸಾಕ್ಷ್ಯವನ್ನು ತೂಗಿ ಕೊಟ್ಟ ಖುಲಾಸೆಗೂ ಹೀಗೆ ಬಂದ ಖುಲಾಸೆಗೂ ಪರಿಣಾಮದಲ್ಲಿ ವ್ಯತ್ಯಾಸವಿಲ್ಲ. ಒಂದೇ ಅಪರಾಧಕ್ಕೆ ಎರಡನೆಯ ಬಾರಿ ವಿಚಾರಣೆ ಕೂಡದೆಂಬ 300ನೇ ಕಲಂ ಅಡ್ಡ ಬರುತ್ತದೆ. ಅದೂ ಸಾಲದೆಂಬಂತೆ, ಚೆಕ್ ಮರಳಿದ ಮಾಹಿತಿ ಬಂದ 30 ದಿನದೊಳಗೆ ನೋಟಿಸು, ನೋಟಿಸು ತಲುಪಿದ ಮೇಲೆ ಹಣ ಕೊಡಲು 15 ದಿನ, ಅದು ಮುಗಿದ ಒಂದು ತಿಂಗಳೊಳಗೆ ದೂರು ಎಂಬ ಗಡುವುಗಳೆಲ್ಲ ನಿಮ್ಮ ಮಟ್ಟಿಗೆ ಎಂದೋ ಮುಗಿದಿವೆ.

ತೆರೆದಿರುವ ದಾರಿ ಮೇಲ್ಮನವಿ. ದೂರುದಾರರು 378ನೇ ಕಲಂನ 4ನೇ ಉಪಕಲಂನಡಿ ಹೈಕೋರ್ಟಿನಲ್ಲಿ ವಿಶೇಷ ಅನುಮತಿ ಕೋರಿ ಮೇಲ್ಮನವಿ ಸಲ್ಲಿಸಬಹುದು. ಇದಕ್ಕೆ ಆದೇಶದ ದಿನದಿಂದ 60 ದಿನಗಳ ಅವಧಿಯಿದೆ. ದೃಢೀಕೃತ ನಕಲು ಪಡೆಯಲು ಹಿಡಿದ ದಿನಗಳನ್ನು ಅದರಿಂದ ಕಳೆಯಲಾಗುತ್ತದೆ, ವಿಳಂಬವಾಗಿದ್ದರೆ ಕಾರಣ ಸಹಿತ ಕ್ಷಮಾಪಣಾ ಅರ್ಜಿಯನ್ನು ಜೊತೆಗೆ ಹಾಕಬೇಕು. ಇದರ ಪಕ್ಕದಲ್ಲಿ ಇನ್ನೊಂದು ಬಾಗಿಲು 2025ರಲ್ಲಿ ತೆರೆಯಿತು. ಚೆಕ್ ಪ್ರಕರಣದ ದೂರುದಾರರೂ ಕಾನೂನಿನ ಅರ್ಥದಲ್ಲಿ ಸಂತ್ರಸ್ತರೇ ಆಗಿದ್ದು, ವಿಶೇಷ ಅನುಮತಿಯ ಹಂಗಿಲ್ಲದೆ 372ನೇ ಕಲಂನ ಪರಂತುಕದಡಿ (ಕಲಂಗೆ ‘ಆದರೆ’ ಎಂದು ಸೇರಿಸಿದ ವಿನಾಯಿತಿಯಡಿ) ಮೇಲ್ಮನವಿ ಸಲ್ಲಿಸಬಹುದೆಂದು ಸುಪ್ರೀಂ ಕೋರ್ಟ್ ಸೆಲೆಸ್ಟಿಯಮ್ ಫೈನಾನ್ಷಿಯಲ್ ಪ್ರಕರಣದಲ್ಲಿ ಹೇಳಿತು. ಆ ಮೇಲ್ಮನವಿ ಹೋಗುವುದು ಸೆಷನ್ಸ್ ನ್ಯಾಯಾಲಯಕ್ಕೆ. ಯಾವ ಬಾಗಿಲು ತಟ್ಟಬೇಕೆಂಬುದನ್ನು ಆದೇಶದ ಪ್ರತಿಯನ್ನು ಎದುರಿಗಿಟ್ಟುಕೊಂಡು ವಕೀಲರೊಂದಿಗೆ ತೀರ್ಮಾನಿಸಿ. ಎರಡನ್ನೂ ಒಟ್ಟಿಗೆ ತಟ್ಟುವುದು ಬೇಡ. ನಕಲು ಅರ್ಜಿಯನ್ನಂತೂ ನಾಳೆಯೇ ಹಾಕಿ.

ಮೇಲ್ಮನವಿಯಲ್ಲಿ ಏನು ವಾದಿಸಬೇಕೆಂಬುದು ಮುಖ್ಯ. 256ನೇ ಕಲಂ ಇರುವುದು ಕೇಸು ಹಾಕಿ, ಆರೋಪಿಯನ್ನು ತಿಂಗಳುಗಟ್ಟಲೆ ಕೋರ್ಟಿನ ಮೆಟ್ಟಿಲು ಹತ್ತಿಸಿ, ತಾವು ಮಾತ್ರ ಮನೆಯಲ್ಲಿ ಕೂರುವ ದೂರುದಾರರಿಗೆ ಕಡಿವಾಣ ಹಾಕುವುದಕ್ಕೆ. ಅಂಥ ಕಡಿವಾಣ ಬೇಕೇ ಬೇಕು ಎಂಬುದು ನನ್ನ ಅಭಿಪ್ರಾಯ. ಆದರೆ ದೂರುದಾರರು ಕಾಣಲಿಲ್ಲವೆಂಬ ಒಂದೇ ಕಾರಣಕ್ಕೆ ಯಾಂತ್ರಿಕವಾಗಿ ಖುಲಾಸೆ ಮಾಡುವಂತಿಲ್ಲ. ಆ ದಿನದ ಕಲಾಪಕ್ಕೆ ಅವರ ಖುದ್ದು ಹಾಜರಿ ಅಗತ್ಯವಿತ್ತೇ, ವಿಚಾರಣೆ ಮುಂದೂಡಲು ಕಾರಣವಿತ್ತೇ ಎಂಬುದನ್ನು ನ್ಯಾಯಾಲಯ ಯೋಚಿಸಲೇಬೇಕೆಂದು ಸುಪ್ರೀಂ ಕೋರ್ಟ್ 1997ರ ಅಸೋಸಿಯೇಟೆಡ್ ಸಿಮೆಂಟ್ ಕಂಪನಿ ವಿರುದ್ಧ ಕೇಶವಾನಂದ್ ತೀರ್ಪಿನಲ್ಲಿ ಹೇಳಿದೆ. ದೂರುದಾರರ ಪರ ವಕೀಲರು ಹಾಜರಿದ್ದರೆ, ಅಥವಾ ದೂರುದಾರರ ಹಾಜರಿ ಅನಗತ್ಯವೆಂದು ಕಂಡರೆ, ಅವರಿಲ್ಲದೆಯೇ ಮುಂದುವರಿಯುವ ಅಧಿಕಾರವನ್ನು ಅದೇ ಕಲಂನ ಪರಂತುಕ ಕೊಡುತ್ತದೆ.

ನಿಮ್ಮ ಅತ್ಯಂತ ಗಟ್ಟಿಯಾದ ಆಧಾರ ಜ್ವರವಲ್ಲ, ಪ್ರಕರಣ ತಲುಪಿದ್ದ ಹಂತ. ನಿಮ್ಮ ಸಾಕ್ಷ್ಯ ಮುಗಿದು, ಪಾಟಿ ಸವಾಲೂ ಆಗಿ, ಅಂದು ಮಾತನಾಡಬೇಕಾಗಿದ್ದವರು ಆರೋಪಿ ಮಾತ್ರ. ನೀವು ಅಲ್ಲಿದ್ದರೂ ಹಿಂದಿನ ಬೆಂಚಿನಲ್ಲಿ ಕೂತಿರುತ್ತಿದ್ದಿರಿ. ದೂರುದಾರರ ಕಡೆಯ ಸಾಕ್ಷ್ಯ ಮುಗಿದ ಮೇಲೆ, ಆರೋಪಿಯ ಪ್ರತಿರಕ್ಷಣಾ ಸಾಕ್ಷ್ಯದ ಹಂತದಲ್ಲಿ ಗೈರುಹಾಜರಿಯ ನೆಪದಿಂದ ಕೊಟ್ಟ ಖುಲಾಸೆಯನ್ನು 2008ರ ಎಸ್. ಆನಂದ್ ಪ್ರಕರಣ ಒಪ್ಪಲಿಲ್ಲ. ದೂರುದಾರರ ಹೇಳಿಕೆ ಈಗಾಗಲೇ ದಾಖಲಾಗಿದ್ದರೆ ನ್ಯಾಯಾಲಯ ಅದರ ಆಧಾರದ ಮೇಲೆ ಮುಂದುವರಿಯಬಹುದಿತ್ತು ಎಂಬ ಧಾಟಿಯನ್ನೇ 2023ರ ಬಿಎಲ್‌ಎಸ್ ಇನ್‌ಫ್ರಾಸ್ಟ್ರಕ್ಚರ್ ತೀರ್ಪಿನಲ್ಲೂ ಕಾಣಬಹುದು. ನಿಮಗೆ ಆಸರೆಯಾಗುವ ತೀರ್ಪುಗಳು ಇವು. ಒಂದೇ ದಿನದ ಗೈರುಹಾಜರಿಗಾಗಿ ದೂರನ್ನು ವಜಾ ಮಾಡಿದ್ದು ಅತಿ ಕಠಿಣವಾಯಿತೆಂದು ಹೇಳಿದ 2002ರ ಮೊಹಮ್ಮದ್ ಅಜೀಮ್ ತೀರ್ಪನ್ನೂ ಅನೇಕರು ಉದ್ಧರಿಸುತ್ತಾರೆ. ಹಿಂದಿನ ಎರಡು ವಾಯಿದೆಗಳಿಗೂ ಹೋಗದ ನಿಮಗೆ ಅದು ಅಷ್ಟಾಗಿ ಹೊಂದುವುದಿಲ್ಲ.

ಆ ಎರಡು ದಿನಗಳ ವಿಷಯವನ್ನು ಮೇಲ್ಮನವಿಯಲ್ಲಿ ಮುಚ್ಚಿಡಬೇಡಿ. ನ್ಯಾಯಾಧೀಶರು ಮೊದಲು ಓದುವುದೇ ಆರ್ಡರ್ ಷೀಟನ್ನು, ಅಂದರೆ ಪ್ರತಿ ವಾಯಿದೆಯ ಕಲಾಪದ ದಾಖಲೆಯನ್ನು. ಆ ದಿನಗಳಲ್ಲಿ ನಿಮ್ಮ ವಕೀಲರು ಹಾಜರಿದ್ದರೇ, ವಿನಾಯಿತಿ ಅರ್ಜಿ ಹಾಕಿದ್ದರೇ ಎಂಬುದು ಅದರಲ್ಲಿ ದಾಖಲಾಗಿರುತ್ತದೆ. ಆಸ್ಪತ್ರೆಯ ಡಿಸ್ಚಾರ್ಜ್ ಸಮ್ಮರಿಯನ್ನು ಸಲ್ಲಿಸಿ; ಮನೆಗೆ ಬಂದ ಮೇಲೆ ಪರಿಚಿತ ವೈದ್ಯರಿಂದ ಬರೆಸಿಕೊಂಡ ಸರ್ಟಿಫಿಕೇಟಿಗೆ ಅಷ್ಟು ಬೆಲೆ ಸಿಗುವುದಿಲ್ಲ. ಮೇಲ್ಮನವಿ ಒಪ್ಪಿದರೂ ಆರೋಪಿಗೆ ಇಂತಿಷ್ಟು ವೆಚ್ಚ ಕೊಡಬೇಕೆಂಬ ಷರತ್ತು ಬರಬಹುದು, ಅದಕ್ಕೆ ಸಿದ್ಧರಾಗಿರಿ.

ವಕೀಲರ ಬಗ್ಗೆಯೂ ಒಂದು ಮಾತು. ಬೆಳಿಗ್ಗೆ ಮೇಯೋ ಹಾಲ್‌ನಲ್ಲೊಂದು, ನೃಪತುಂಗ ರಸ್ತೆಯಲ್ಲೊಂದು ಕೇಸು ಇಟ್ಟುಕೊಂಡು, ನಡುವೆ ಟ್ರಾಫಿಕ್ಕಿನಲ್ಲಿ ಸಿಕ್ಕಿಕೊಳ್ಳುವುದು ಬೆಂಗಳೂರಿನ ವಕೀಲರ ನಿತ್ಯದ ಪಾಡು. ಅದನ್ನು ತಿಳಿದೇ ಹೇಳುತ್ತೇನೆ. ಅಂದು ಬೆಳಿಗ್ಗೆ ಕಿರಿಯ ವಕೀಲರೊಬ್ಬರ ಕೈಯಲ್ಲಿ ಎರಡು ಸಾಲಿನ ಹಾಜರಿ ವಿನಾಯಿತಿ ಅರ್ಜಿ ಕಳಿಸಿದ್ದರೆ ಬಹುಶಃ ಈ ಪತ್ರ ಬರೆಯುವ ಪ್ರಮೇಯವೇ ನಿಮಗೆ ಬರುತ್ತಿರಲಿಲ್ಲ. ಇನ್ನು ಮುಂದೆ ವಾಯಿದೆಯ ದಿನಾಂಕಕ್ಕಾಗಿ ವಕೀಲರ ಫೋನಿನ ಮೇಲಷ್ಟೇ ಅವಲಂಬಿಸಬೇಡಿ. ನಿಮ್ಮ ಕೇಸಿನ 16 ಅಂಕಿ-ಅಕ್ಷರಗಳ ಸಿಎನ್‌ಆರ್ ಸಂಖ್ಯೆಯನ್ನು (ಪ್ರತಿ ಕೇಸಿಗೂ ಕೊಡುವ ಗುರುತಿನ ಸಂಖ್ಯೆ) ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಹಾಕಿದರೆ ಮುಂದಿನ ದಿನಾಂಕವೂ ಅಂದಿನ ಹಂತವೂ ನಿಮಗೇ ಕಾಣುತ್ತದೆ.

ಪ್ರಶ್ನೆ: 2021ರಲ್ಲಿ ಯಲಹಂಕದಲ್ಲಿ ಬೈಕಿನಲ್ಲಿ ಬಂದ ಇಬ್ಬರು ನನ್ನ ಸರ ಕಿತ್ತುಕೊಂಡು ಹೋದರು. ಪೊಲೀಸರಿಗೆ ದೂರು ಕೊಟ್ಟೆ, ಸರ ಸಿಕ್ಕಿತು, ಬಾಂಡ್ ಬರೆದುಕೊಟ್ಟು ಬಿಡಿಸಿಕೊಂಡೆ. ಈಗ ನಾನು ಮೈಸೂರಿನಲ್ಲಿ ಕೆಲಸದಲ್ಲಿದ್ದೇನೆ. ಸಮನ್ಸ್ ಬಂದಾಗ ರಜೆ ಸಿಗದೆ ಹೋಗಲಾಗಲಿಲ್ಲ. ಈಗ ಪೊಲೀಸರು ವಾರಂಟ್ ಹಿಡಿದು ಬಂದಿದ್ದಾರೆ. ಕಳೆದುಕೊಂಡವಳು ನಾನು, ವಾರಂಟೂ ನನಗೇ? ನಾನು ಹೋಗದಿದ್ದರೆ ಕೇಸು ಮುಚ್ಚಿಹೋಗುತ್ತದೆಯೇ?
– ಓದುಗರೊಬ್ಬರು, ಮೈಸೂರು

ಉತ್ತರ: ನಿಮ್ಮ ಅಸಮಾಧಾನ ಸಹಜವಾದದ್ದೇ, ಅಮ್ಮ. ಆದರೆ ನಿಮ್ಮ ಸ್ಥಾನ ಮೇಲಿನ ಪತ್ರ ಬರೆದವರ ಸ್ಥಾನಕ್ಕಿಂತ ಪೂರ್ತಿ ಬೇರೆ. ಅವರು ನೇರವಾಗಿ ಮ್ಯಾಜಿಸ್ಟ್ರೇಟರ ಮುಂದೆ ಹೋಗಿ ಕೇಸು ಹಾಕಿದವರು, ಹಾಗಾಗಿ ಕೇಸು ನಡೆಸುವ ಹೊರೆಯೂ ಅವರದೇ. ನೀವು ಠಾಣೆಗೆ ಮಾಹಿತಿ ಕೊಟ್ಟಿರಿ. ಅದರ ಮೇಲೆ ಎಫ್‌ಐಆರ್ ಆಗಿ, ತನಿಖೆ ನಡೆದು, ಪೊಲೀಸರು ದೋಷಾರೋಪಣ ಪಟ್ಟಿ ಸಲ್ಲಿಸಿದ ಮೇಲೆ ಕೇಸು ರಾಜ್ಯದ್ದಾಯಿತು. ಅದನ್ನು ನಡೆಸುವವರು ಸರ್ಕಾರಿ ಅಭಿಯೋಜಕರು. ಆ ಕೇಸಿನಲ್ಲಿ ನೀವು ಒಬ್ಬ ಸಾಕ್ಷಿ, ಬಹುಶಃ ಮೊದಲನೆಯ ಸಾಕ್ಷಿ.

ಆದ್ದರಿಂದ ನೀವು ಗೈರುಹಾಜರಾದಿರೆಂದು ಅಂದೇ ಆರೋಪಿಗಳನ್ನು ಬಿಡುವಂತಿಲ್ಲ. 256ನೇ ಕಲಂ ನಿಮ್ಮ ಪ್ರಕರಣಕ್ಕೆ ಅನ್ವಯಿಸುವುದೇ ಇಲ್ಲ. ಅದರ ಬದಲಿಗೆ, ಸಮನ್ಸಿಗೆ ಓಗೊಡದ ಸಾಕ್ಷಿಯನ್ನು ಕರೆಸಲು ನ್ಯಾಯಾಲಯ ಮೊದಲು ಜಾಮೀನು ಸಹಿತ ವಾರಂಟನ್ನೂ, ಅದಕ್ಕೂ ಬಗ್ಗದಿದ್ದರೆ ಜಾಮೀನುರಹಿತ ವಾರಂಟನ್ನೂ ಹೊರಡಿಸುತ್ತದೆ. ಇದು ನಿಮ್ಮ ಮೇಲಿನ ಆರೋಪವಲ್ಲ, ಕರೆತರುವ ಏರ್ಪಾಡು ಅಷ್ಟೇ. ಹಾಗೆಂದು ಹಗುರವಾಗಿಯೂ ತೆಗೆದುಕೊಳ್ಳಬೇಡಿ: ಸಕಾರಣವಿಲ್ಲದೆ ಹಾಜರಾಗದ ಸಾಕ್ಷಿಗೆ ಸಂಕ್ಷಿಪ್ತ ವಿಚಾರಣೆಯಲ್ಲೇ ದಂಡ ಹಾಕುವ ಅಧಿಕಾರ ನ್ಯಾಯಾಲಯಕ್ಕಿದೆ. ಹಳೆಯ ಸಂಹಿತೆಯಲ್ಲಿ ಈ ದಂಡ 100 ರೂಪಾಯಿಯವರೆಗೆ ಇತ್ತು, ಹೊಸದರಲ್ಲಿ 500 ರೂಪಾಯಿಯವರೆಗೆ ಇದೆ. ಮೊತ್ತ ಚಿಕ್ಕದೇ, ಆದರೆ ವಾರಂಟ್ ಜಾರಿಯಾಗುವವರೆಗೆ ಅಥವಾ ನ್ಯಾಯಾಲಯ ಅದನ್ನು ರದ್ದುಪಡಿಸುವವರೆಗೆ ಊರ್ಜಿತದಲ್ಲಿರುತ್ತದೆ ಎಂಬುದು ನಿಮ್ಮ ನಿದ್ದೆ ಕೆಡಿಸಬೇಕಾದ ಸಂಗತಿ.

ಪದೇ ಪದೇ ಕರೆಸಿದರೂ ನೀವು ಬರದಿದ್ದರೆ ಒಂದು ದಿನ ಅಭಿಯೋಜನೆಯ ಕಡೆಯ ಸಾಕ್ಷ್ಯವನ್ನು ಮುಕ್ತಾಯಗೊಳಿಸಲಾಗುತ್ತದೆ. ಬೈಕಿನ ಮೇಲಿದ್ದವರ ಮುಖ ನೋಡಿದವರು ನೀವೊಬ್ಬರೇ ಆಗಿದ್ದರೆ, ಸರ ವಶಪಡಿಸಿಕೊಂಡ ಪೊಲೀಸರೂ ಪಂಚರೂ ಎಷ್ಟೇ ಚೆನ್ನಾಗಿ ಸಾಕ್ಷ್ಯ ನುಡಿದರೂ, ‘ನನ್ನ ಸರ ಇದು, ಕಿತ್ತವರು ಇವರು’ ಎಂದು ಗುರುತಿಸುವವರು ಯಾರೂ ಇರುವುದಿಲ್ಲ. ಆಗ ಬರುವ ಖುಲಾಸೆಗೆ ಕಾರಣ ಸಾಕ್ಷ್ಯದ ಕೊರತೆ. ಸಂತ್ರಸ್ತರಾಗಿ ನೀವು ಅದರ ವಿರುದ್ಧ ಮೇಲ್ಮನವಿ ಹೋಗಬಹುದಾದರೂ, ನೀವೇ ನುಡಿಯದ ಸಾಕ್ಷ್ಯವನ್ನು ಮೇಲಿನ ನ್ಯಾಯಾಲಯ ಎಲ್ಲಿಂದ ತರಬೇಕು?

ವಾರಂಟ್ ತಂದ ಪೊಲೀಸರಿಂದ ಕೇಸಿನ ಸಿ.ಸಿ. ನಂಬರನ್ನೂ ದಿನಾಂಕವನ್ನೂ ಬರೆದುಕೊಳ್ಳಿ. ಅಂದು ಹಾಜರಾಗಿ, ಸರ್ಕಾರಿ ಅಭಿಯೋಜಕರನ್ನು ಕಂಡು, ವಾರಂಟ್ ಹಿಂಪಡೆಯುವಂತೆ ಕೋರಿಕೆ ಸಲ್ಲಿಸಿ. ಖುದ್ದಾಗಿ ಬಂದ ಸಾಕ್ಷಿಯ ಮೇಲೆ ನ್ಯಾಯಾಲಯಗಳು ಸಾಮಾನ್ಯವಾಗಿ ಕಠಿಣವಾಗುವುದಿಲ್ಲ. ಬಾಂಡ್ ಬರೆದುಕೊಟ್ಟು ಬಿಡಿಸಿಕೊಂಡ ಸರ ಮುದ್ದೆಮಾಲು, ಅಂದರೆ ಕೇಸಿಗೆ ಸಂಬಂಧಿಸಿದ ವಸ್ತು, ಅದನ್ನು ಜೊತೆಗೆ ಕೊಂಡೊಯ್ಯಿರಿ. ಕರಗಿಸಿ ಹೊಸ ಡಿಸೈನ್ ಮಾಡಿಸಿದ್ದರೆ ಮಾತ್ರ ಅಭಿಯೋಜಕರಿಗೆ ಮೊದಲೇ ತಿಳಿಸಿಬಿಡಿ. ಕಚೇರಿಯ ರಜೆಗೆ ಸಮನ್ಸಿನ ಪ್ರತಿಯನ್ನು ಲಗತ್ತಿಸಿ. ಹಾಜರಾದ ಸಾಕ್ಷಿಗೆ ಸರ್ಕಾರದ ನಿಯಮದಂತೆ ಪ್ರಯಾಣದ ಬತ್ತೆ ಕೊಡಲು ಅವಕಾಶವಿದೆ, ಕೇಳಿ ಪಡೆಯಿರಿ. ಬರಲು ನಿಜಕ್ಕೂ ಆಗದಿದ್ದರೆ ವಿಡಿಯೊ ಮೂಲಕ ಸಾಕ್ಷ್ಯ ನುಡಿಯಲು ಅನುಮತಿ ಕೋರಬಹುದು. 2003ರ ಪ್ರಫುಲ್ ದೇಸಾಯಿ ತೀರ್ಪಿನಿಂದಲೇ ಇದಕ್ಕೆ ಸುಪ್ರೀಂ ಕೋರ್ಟಿನ ಒಪ್ಪಿಗೆಯಿದೆ. ಆದರೂ ಆರೋಪಿಗಳನ್ನು ಗುರುತಿಸಬೇಕಾದ ಸಾಕ್ಷಿ ಕಟಕಟೆಯಲ್ಲಿ ನಿಂತು ಗುರುತಿಸುವುದೇ ಲೇಸು.

ಪ್ರಶ್ನೆ: ಅಪಾರ್ಟ್‌ಮೆಂಟ್ ಸಂಘದ ಜಗಳದಲ್ಲಿ ನೆರೆಯವರೊಬ್ಬರು 2024ರ ಕೊನೆಯಲ್ಲಿ ನನ್ನ ಮೇಲೆ ಮಾನಹಾನಿಯ ಖಾಸಗಿ ದೂರು ಹಾಕಿದರು. ನಾನು ಪ್ರತಿ ವಾಯಿದೆಗೂ ಹೋಗುತ್ತೇನೆ, ಅವರು ಬರುವುದೇ ಇಲ್ಲ. ಇದೇ ವ್ಯಕ್ತಿ ಸಂಘದ ಹಣದ ವಿಚಾರದಲ್ಲಿ ಹಿಂದೆಯೇ ನನ್ನ ಮೇಲೆ ವಂಚನೆಯ ಖಾಸಗಿ ದೂರನ್ನೂ ಹಾಕಿದ್ದರು, ಅದರಲ್ಲೂ ಅವರದು ಇದೇ ವರಸೆ. ಇದಕ್ಕೆ ಕೊನೆಯಿಲ್ಲವೇ?
– ಓದುಗರೊಬ್ಬರು, ಜೆ.ಪಿ. ನಗರ

ಉತ್ತರ: ಇದೆ, ಆದರೆ ಎರಡೂ ಕೇಸುಗಳಿಗೆ ಒಂದೇ ಬಗೆಯ ಕೊನೆಯಲ್ಲ.

ಮಾನಹಾನಿಗೆ ಗರಿಷ್ಠ ಶಿಕ್ಷೆ 2 ವರ್ಷವಾದ್ದರಿಂದ ಅದು ಸಮನ್ಸ್ ಪ್ರಕರಣ. 2024ರ ಜುಲೈ 1ರ ನಂತರ ದಾಖಲಾದ ದೂರಾದ ಕಾರಣ ಹೊಸ ಸಂಹಿತೆಯ 279ನೇ ಕಲಂ ಅನ್ವಯಿಸುತ್ತದೆ. ಹಳೆಯ 256ಕ್ಕೂ ಇದಕ್ಕೂ ಇರುವ ಮುಖ್ಯ ವ್ಯತ್ಯಾಸವೆಂದರೆ, ಈಗ ಗೈರುಹಾಜರಾದ ದೂರುದಾರರಿಗೆ ಹಾಜರಾಗಲು 30 ದಿನಗಳ ಕಾಲಾವಕಾಶ ಕೊಟ್ಟ ನಂತರವೇ ಖುಲಾಸೆ ಮಾಡಬೇಕು. ಇದರಿಂದ ಜ್ವರ ಬಂದು ಮಲಗಿದ ದೂರುದಾರರಿಗೆ ರಕ್ಷಣೆ ಸಿಕ್ಕಿತು. ನಿಮ್ಮಂಥವರಿಗೆ ಒಂದು ತಿಂಗಳು ಹೆಚ್ಚಿನ ಕಾಯುವಿಕೆ ಬಂತು. ನನ್ನನ್ನು ಕೇಳಿದರೆ ಈ ತಿದ್ದುಪಡಿ ಒಳ್ಳೆಯದೇ. ಅದರ ಫಲ ನಿಮಗೂ ಸಿಗಬೇಕಾದರೆ ನಿಮ್ಮ ವಕೀಲರು ಸುಮ್ಮನೆ ಮುಂದಿನ ದಿನಾಂಕ ತೆಗೆದುಕೊಂಡು ಬರುವುದನ್ನು ಬಿಟ್ಟು, ದೂರುದಾರರ ಗೈರುಹಾಜರಿಯನ್ನು ಪ್ರತಿ ಬಾರಿಯೂ ಆರ್ಡರ್ ಷೀಟಿನಲ್ಲಿ ನಮೂದಿಸುವಂತೆ ಕೋರಿ, 279ರಡಿ 30 ದಿನದ ಅವಕಾಶ ಕೊಟ್ಟು ಕ್ರಮ ಕೈಗೊಳ್ಳುವಂತೆ ಲಿಖಿತ ಅರ್ಜಿ ಹಾಕಬೇಕು.

ವಂಚನೆಯ ದೂರಿನಲ್ಲಿ ಹಾದಿ ಬೇರೆ. ನಿಮ್ಮ ಮೇಲಿರುವುದು ಭಾರತೀಯ ದಂಡ ಸಂಹಿತೆಯ 420ನೇ ಕಲಂ ಆಗಿದ್ದರೆ, ಅದಕ್ಕೆ 7 ವರ್ಷದವರೆಗೆ ಶಿಕ್ಷೆ ಇರುವುದರಿಂದ ಅದು ವಾರಂಟ್ ಪ್ರಕರಣ. ಅಲ್ಲಿ ಹಳೆಯ ಸಂಹಿತೆಯ 249ನೇ ಕಲಂ ಬರುತ್ತದೆ: ಅಪರಾಧ ರಾಜಿಯಾಗಬಲ್ಲದ್ದಾಗಿದ್ದರೆ ಅಥವಾ ಅಸಂಜ್ಞೇಯವಾಗಿದ್ದರೆ (ಪೊಲೀಸರು ವಾರಂಟ್ ಇಲ್ಲದೆ ಬಂಧಿಸಲಾಗದ್ದಾಗಿದ್ದರೆ), ಆರೋಪ ರೂಪಿಸುವ ಮೊದಲು, ದೂರುದಾರರು ಗೈರುಹಾಜರಾದ ದಿನ ಮ್ಯಾಜಿಸ್ಟ್ರೇಟರು ವಿವೇಚನೆಯಿಂದ ಆರೋಪಿಯನ್ನು ಕೇಸಿನಿಂದ ಬಿಡುಗಡೆ ಮಾಡಬಹುದು. 420ನೇ ಕಲಂ ನ್ಯಾಯಾಲಯದ ಅನುಮತಿಯೊಂದಿಗೆ ರಾಜಿಯಾಗಬಲ್ಲದ್ದು, ಹಾಗಾಗಿ ನಿಮಗೆ ಈ ಅವಕಾಶವಿದೆ. ಆದರೆ ಈ ಬಿಡುಗಡೆ ಖುಲಾಸೆಯಲ್ಲ. 300ನೇ ಕಲಂನ ವಿವರಣೆಯಲ್ಲೇ ಹಾಗೆಂದು ಬರೆದಿದೆ. ಅವರು ಮತ್ತೆ ಹೊಸ ದೂರು ತಂದರೆ, ‘ಒಮ್ಮೆ ಬಿಟ್ಟಾಗಿದೆ’ ಎಂಬ ಒಂದೇ ಮಾತಿನಿಂದ ಅದನ್ನು ತಡೆಯಲಾಗದು. ಆರೋಪ ರೂಪಿಸಿಯಾಗಿದ್ದರೆ ಈ ಬಾಗಿಲೂ ಮುಚ್ಚಿರುತ್ತದೆ, ಸಾಕ್ಷ್ಯದ ಹಂತವನ್ನು ದಾಟಿಯೇ ಹೋಗಬೇಕು.

ಇಷ್ಟರ ನಡುವೆ, ‘ಅವರೇ ಬರುವುದಿಲ್ಲ, ನಾನೇಕೆ ಹೋಗಲಿ’ ಎಂದು ನೀವು ಮನೆಯಲ್ಲಿ ಉಳಿದಿರೋ, ವಾರಂಟ್ ಹೊರಡುವುದು ನಿಮ್ಮ ಮೇಲೆ. ಹೋಗಲಾಗದ ದಿನ ವಕೀಲರ ಮೂಲಕ ವಿನಾಯಿತಿ ಕೋರುವುದನ್ನು ತಪ್ಪಿಸಬೇಡಿ.

ಪ್ರಶ್ನೆ: ನಮ್ಮ ತಂದೆ ಹಾಕಿದ್ದ ಚೆಕ್ ಬೌನ್ಸ್ ಕೇಸು ನಡೆಯುತ್ತಿರುವಾಗಲೇ ಅವರು ತೀರಿಕೊಂಡರು. ಕೇಸು ಅಲ್ಲಿಗೇ ಮುಗಿಯಿತೇ? ಅಂಥದೇ ಇನ್ನೊಂದು ಕೇಸು 78 ವರ್ಷದ ನಮ್ಮ ಚಿಕ್ಕಪ್ಪನವರದು. ಅವರ ಬದಲು ನಾನು ಹೋಗಬಹುದೇ?
– ಓದುಗರೊಬ್ಬರು, ಬಸವನಗುಡಿ

ಉತ್ತರ: ದೂರುದಾರರ ಮರಣಕ್ಕೂ ಗೈರುಹಾಜರಿಯ ಕಲಂ ಸಾಧ್ಯವಾದಷ್ಟು ಅನ್ವಯಿಸುತ್ತದೆ, ಆದರೆ ಕೇಸು ತಾನಾಗಿ ಮುಗಿಯುವುದಿಲ್ಲ. ದೂರುದಾರರು ತೀರಿಕೊಂಡರೆ ವಾರಸುದಾರರು ಅಭಿಯೋಜನೆಯನ್ನು ಮುಂದುವರಿಸಬಹುದೆಂದು 2017ರ ಚಾಂದ್ ದೇವಿ ಡಾಗಾ ತೀರ್ಪು ಒಪ್ಪಿದೆ. ಮುಂದಿನ ವಾಯಿದೆಗೆ ಮೊದಲೇ ಮರಣ ಪ್ರಮಾಣಪತ್ರ ಮತ್ತು ವಂಶವೃಕ್ಷದೊಂದಿಗೆ ಅರ್ಜಿ ಹಾಕಿ. ತಂದೆಯವರ ಹೆಸರು ಕೂಗಿದಾಗ ಯಾರೂ ಓಗೊಡದೆ ಇರುವಂತಾಗಬಾರದು.

ಚಿಕ್ಕಪ್ಪನವರ ಪರವಾಗಿ ಅಧಿಕಾರಪತ್ರದ (ಪವರ್ ಆಫ್ ಅಟಾರ್ನಿ) ಮೇಲೆ ನೀವು ಕೇಸು ನಡೆಸಬಹುದು. ಸಾಕ್ಷ್ಯ ನುಡಿಯಬೇಕಾದರೆ ಮಾತ್ರ ಆ ವ್ಯವಹಾರದ ನೇರ ಅರಿವು ನಿಮಗಿರಬೇಕೆಂದು ಎ.ಸಿ. ನಾರಾಯಣನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಹಣ ಕೊಟ್ಟಾಗ ನೀವು ಅಲ್ಲಿರಲಿಲ್ಲವಾದರೆ, ಪಾಟಿ ಸವಾಲಿನ ದಿನವೊಂದಕ್ಕಾದರೂ ಚಿಕ್ಕಪ್ಪನವರನ್ನೇ ಕರೆದೊಯ್ಯಿರಿ, ಇಲ್ಲವೇ ವಿಡಿಯೊ ಮೂಲಕ ಅವರ ಸಾಕ್ಷ್ಯ ಪಡೆಯುವಂತೆ ಕೋರಿ. ಉಳಿದ ದಿನಗಳಿಗೆ ಅವರ ವಯಸ್ಸನ್ನು ನಮೂದಿಸಿ ಶಾಶ್ವತ ಹಾಜರಿ ವಿನಾಯಿತಿಯ ಅರ್ಜಿಯನ್ನು ಈಗಲೇ ಸಲ್ಲಿಸಬಹುದು. ವಕೀಲರ ಶುಲ್ಕ ಭಾರವಾಗುವುದಾದರೆ ಕಾನೂನು ಸೇವಾ ಪ್ರಾಧಿಕಾರದ 15100 ಸಹಾಯವಾಣಿಗೆ ಕರೆ ಮಾಡಿ, ಚಿಕ್ಕಪ್ಪನವರು ಉಚಿತ ನೆರವಿಗೆ ಅರ್ಹರೇ ಎಂದು ವಿಚಾರಿಸಿ.